ಎಮ್ಯಾಕ್ಸ್‌ನಲ್ಲೇ ಕೇಳಿ, ಅಲ್ಲೇ ಬರೆಯಿರಿ

ಸಂದರ್ಶನದ ಧ್ವನಿಮುದ್ರಣವನ್ನು ಬರಹಕ್ಕಿಳಿಸಲು ಕೂತವರ ಕಷ್ಟ ಗೊತ್ತಿರುವಂಥದ್ದೇ. ಎರಡು ವಾಕ್ಯ ಕೇಳಬೇಕು, ಪ್ಲೇಯರ್ ಕಿಟಕಿಗೆ ಹೋಗಿ ನಿಲ್ಲಿಸಬೇಕು, ಮರಳಿ ಬಂದು ಟೈಪ್ ಮಾಡಬೇಕು. ಎಮ್ಯಾಕ್ಸ್ ಬಳಸುವವರಿಗೆ ಈ ಓಡಾಟ ತಪ್ಪಿಸಲು ಇಎಂಎಂಎಸ್ ಎಂಬ ಉಚಿತ ಪ್ಯಾಕೇಜ್ ಇದೆ. 1985ರಿಂದ ಸಾರ್ವಜನಿಕ ಬಳಕೆಯಲ್ಲಿರುವ ಗ್ನೂ ಎಮ್ಯಾಕ್ಸ್ ಹೆಸರಿಗಷ್ಟೇ ಪಠ್ಯ ಸಂಪಾದಕ. ಮೇಲ್ ಓದುವುದರಿಂದ ಹಿಡಿದು ಟೆಟ್ರಿಸ್ ಆಡುವವರೆಗೆ ಎಲ್ಲವೂ ಅದರೊಳಗೇ ನಡೆಯುತ್ತದೆ.

ಇಲ್ಲಿರುವ ಕ್ರಮ ಲಿನಕ್ಸ್‌ಗೆ. ಇಎಂಎಂಎಸ್ ತಾನೇ ಏನನ್ನೂ ನುಡಿಸುವುದಿಲ್ಲ, ಬೇರೆ ಪ್ಲೇಯರ್‌ಗೆ ಹೇಳಿ ಮಾಡಿಸುತ್ತದೆ. ಹಾಗಾಗಿ ಮೊದಲು ಎಂಪಿವಿ ಪ್ಲೇಯರ್ ಹಾಕಿಕೊಳ್ಳಿ. ಬಳಿಕ ಎಮ್ಯಾಕ್ಸ್‌ನಲ್ಲಿ ಆಲ್ಟ್ ಜತೆ ಎಕ್ಸ್ ಒತ್ತಿ, ಪ್ಯಾಕೇಜ್-ಇನ್‌ಸ್ಟಾಲ್ ಎಂದು ಕೊಟ್ಟು, ಇಎಂಎಂಎಸ್ ಹೆಸರು ಬರೆಯಿರಿ. (ಆದೇಶಗಳನ್ನೆಲ್ಲ ಇಂಗ್ಲಿಷಿನ ಸಣ್ಣಕ್ಷರದಲ್ಲೇ ಟೈಪಿಸಬೇಕು.)

ಎಮ್ಯಾಕ್ಸ್ ಶುರುವಾಗುವಾಗ ಓದಿಕೊಳ್ಳುವ ಇನಿಟ್ ಕಡತಕ್ಕೆ ಮೂರು ಸಾಲು ಸೇರಬೇಕು: ಇಎಂಎಂಎಸ್-ಸೆಟಪ್ ಅನ್ನು ರಿಕ್ವೈರ್ ಮಾಡುವುದು, ಇಎಂಎಂಎಸ್-ಆಲ್ ಅನ್ನು ಕರೆಯುವುದು, ಇಎಂಎಂಎಸ್-ಪ್ಲೇಯರ್-ಲಿಸ್ಟ್‌ನಲ್ಲಿ ಇಎಂಎಂಎಸ್-ಪ್ಲೇಯರ್-ಎಂಪಿವಿ ಇರುವಂತೆ ಸೆಟ್‌ಕ್ಯೂ ಮಾಡುವುದು. ಎಮ್ಯಾಕ್ಸ್ ಮುಚ್ಚಿ ತೆರೆಯಿರಿ.

ಇನ್ನು ಮತ್ತೆ ಆಲ್ಟ್ ಜತೆ ಎಕ್ಸ್ ಒತ್ತಿ ಆದೇಶ ಕೊಡಿ: ಒಂದೇ ಕಡತಕ್ಕೆ ಇಎಂಎಂಎಸ್-ಪ್ಲೇ-ಫೈಲ್, ಇಡೀ ಫೋಲ್ಡರಿಗೆ ಇಎಂಎಂಎಸ್-ಪ್ಲೇ-ಡೈರೆಕ್ಟರಿ. ಬರೀ ಇಎಂಎಂಎಸ್ ಎಂದರೆ ಹಾಡುಗಳ ಪಟ್ಟಿ ತೆರೆಯುತ್ತದೆ. ಅಲ್ಲಿ ಎನ್ ಒತ್ತಿದರೆ ಮುಂದಿನದು, ಪಿ ಒತ್ತಿದರೆ ಹಿಂದಿನದು, ಎಸ್ ಒತ್ತಿದರೆ ಬಂದ್. ವಿಡಿಯೊವನ್ನೂ ಇವೇ ಆದೇಶಗಳಿಂದ ಓಡಿಸಬಹುದು, ಆದರೆ ಚಿತ್ರ ಮೂಡುವುದು ಎಂಪಿವಿಯ ಪ್ರತ್ಯೇಕ ಕಿಟಕಿಯಲ್ಲಿ. ಯೂಟ್ಯೂಬ್ ಕೊಂಡಿಗೆ ಇಎಂಎಂಎಸ್-ಪ್ಲೇ-ಯುಆರ್‌ಎಲ್ ಇದೆ. ಅದಕ್ಕೆ ವೈಟಿ-ಡಿಎಲ್‌ಪಿ ಎಂಬ ತಂತ್ರಾಂಶವೂ ಜತೆಗಿರಬೇಕು. ಅದು ಹಳೆಯದಾದಷ್ಟೂ ಕೈಕೊಡುವುದು ಹೆಚ್ಚು, ಆಗಾಗ ಅಪ್‌ಡೇಟ್ ಮಾಡಿ.

ಇನ್ನು ಅಸಲಿ ಲಾಭದ ಮಾತು. ಗ್ಲೋಬಲ್-ಸೆಟ್-ಕೀ ಆದೇಶ ಕೊಡಿ. ಯಾವ ಕೀಲಿ ಎಂದು ಕೇಳಿದಾಗ ಎಫ್8 ಒತ್ತಿ, ಇಎಂಎಂಎಸ್-ಪಾಝ್ (emms-pause) ಎಂದು ಬರೆಯಿರಿ. ಹಾಗೆಯೇ ಎಫ್7ಕ್ಕೆ ಇಎಂಎಂಎಸ್-ಸೀಕ್-ಬ್ಯಾಕ್‌ವರ್ಡ್. ಎಫ್3, ಎಫ್4 ಮುಟ್ಟಬೇಡಿ, ಅವು ಮ್ಯಾಕ್ರೊಗೆ ಮೀಸಲು. ಇನ್ನು ಕರ್ಸರ್ ನಿಮ್ಮ ಬರಹದಲ್ಲೇ ಇರುತ್ತದೆ. ಎಫ್8 ಒತ್ತಿದರೆ ಮಾತು ನಿಲ್ಲುತ್ತದೆ, ಇನ್ನೊಮ್ಮೆ ಒತ್ತಿದರೆ ಮುಂದುವರಿಯುತ್ತದೆ. ಮಾತು ತಪ್ಪಿಹೋಯಿತೇ? ಎಫ್7 ಒತ್ತಿದರೆ 10 ಸೆಕೆಂಡ್ ಹಿಂದಕ್ಕೆ. ಗಡಿಬಿಡಿಯಲ್ಲಿ ಮಾತಾಡುವವರ ಸಂದರ್ಶನವಾದರೆ ಈ ಕೀಲಿಯೇ ಸವೆಯುವುದು.

ಕನ್ನಡ ಟೈಪಿಂಗ್‌ಗೆ ಎಮ್ಯಾಕ್ಸ್‌ನೊಳಗೇ ಕನ್ನಡ-ಐಟ್ರಾನ್ಸ್, ಕನ್ನಡ-ಇನ್‌ಸ್ಕ್ರಿಪ್ಟ್ ವಿಧಾನಗಳಿವೆ. ಕಂಟ್ರೋಲ್ ಜತೆ ಬ್ಯಾಕ್‌ಸ್ಲ್ಯಾಶ್ ಒತ್ತಿ ಬೇಕಾದ್ದನ್ನು ಆರಿಸಿಕೊಳ್ಳಿ. ಕನ್ನಡ ಚಾಲೂ ಇದ್ದಾಗಲೂ ಎಫ್7, ಎಫ್8 ಕೀಲಿಗಳು ಎಂದಿನಂತೆ ಕೆಲಸ ಮಾಡುತ್ತವೆ, ಭಾಷೆ ಬದಲಿಸುವ ತಾಪತ್ರಯವಿಲ್ಲ.

ಗ್ಲೋಬಲ್-ಸೆಟ್-ಕೀ ಮೂಲಕ ಕೊಟ್ಟ ಕೀಲಿಗಳು ಎಮ್ಯಾಕ್ಸ್ ಮುಚ್ಚಿದೊಡನೆ ಮರೆತುಹೋಗುತ್ತವೆ. ಖಾಯಂ ಬೇಕಿದ್ದರೆ ಇನಿಟ್ ಕಡತಕ್ಕೆ ಸೇರಿಸಿ. ಬರೀ ಹಾಡು ಕೇಳುವುದಕ್ಕಾದರೆ ಇಷ್ಟೆಲ್ಲ ಬೇಡ, ಫೋನೇ ಸಾಕು.