ಗೀಸರಿನ ಹೊಟ್ಟೆಯ ಸುಣ್ಣ

ಗ್ಯಾಸ್ ಗೀಸರ್ ಹೊತ್ತಿಕೊಳ್ಳಲಿಲ್ಲವೆಂದರೆ ಎಲ್ಲರ ಮೊದಲ ಗುಮಾನಿ ಸೆಲ್ಲಿನ ಮೇಲೆ. ಅದನ್ನು ಬದಲಾಯಿಸಿ, ಸಿಲಿಂಡರ್ ಎತ್ತಿ ನೋಡಿ, ಆಮೇಲೆ ಗೀಸರ್ ಕಂಪನಿಯನ್ನು ಬೈಯುತ್ತಾರೆ. ನೀರನ್ನು ಯಾರೂ ಅನುಮಾನಿಸುವುದಿಲ್ಲ. ಬೆಂಗಳೂರಿನ ಅಂಚಿನಲ್ಲಿ, ಬೋರ್‌ವೆಲ್ಲನ್ನೇ ನೆಚ್ಚಿಕೊಂಡ ಬಡಾವಣೆಯಲ್ಲಿರುವ ನಾನು ಈಗ ಮೊದಲು ನೋಡುವುದು ಬಕೆಟ್ಟಿಗೆ ಬೀಳುವ ಧಾರೆಯನ್ನು. ತಣ್ಣೀರು ರಭಸವಾಗಿದ್ದು ಬಿಸಿನೀರು ಮಾತ್ರ ಸಣ್ಣಗೆ ಬರುತ್ತಿದ್ದರೆ ಗೀಸರಿನ ಬಾಯಲ್ಲಿರುವ ಜಾಲರಿ ತೊಳೆಯುತ್ತೇನೆ. ಅದಕ್ಕೂ ಬಗ್ಗದಿದ್ದರೆ ಒಳಗೆ ಸುಣ್ಣ ಕಟ್ಟಿದೆ ಎಂದೇ ಲೆಕ್ಕ. ನೀರಿನ ಹರಿವು ಸಾಲದಿದ್ದರೆ ಬರ್ನರ್ ಹೊತ್ತುವುದೇ ಇಲ್ಲ.

ಗಡಸು ನೀರಿನಲ್ಲಿ ಕರಗಿರುವ ಕ್ಯಾಲ್ಸಿಯಂ ಬೈಕಾರ್ಬನೇಟ್ ಕಾದಾಗ ಒಡೆದು, ಕಾರ್ಬನೇಟಾಗಿ ತಾಮ್ರದ ಕೊಳವೆಗೆ ಅಂಟುತ್ತದೆ. ತಾಮ್ರ ದಾಟಿಸುವ ಶಾಖದಲ್ಲಿ ನೂರರಲ್ಲೊಂದು ಪಾಲನ್ನೂ ಆ ಪದರ ದಾಟಿಸದು. ಕುಡಿಯುವ ನೀರಿನ ಭಾರತೀಯ ಮಾನಕ ಗಡಸುತನಕ್ಕೆ ಲೀಟರಿಗೆ 200 ಮಿಲಿಗ್ರಾಂ ಮಿತಿ ಹಾಕಿ, ಬೇರೆ ಮೂಲವಿಲ್ಲದ ಕಡೆ 600ರವರೆಗೂ ಬಿಡುತ್ತದೆ. ಮನುಷ್ಯರಿಗೆ ನಡೆಯುವ ಆ ನೀರು ಗೀಸರಿಗೆ ನಡೆಯುವುದಿಲ್ಲ. ಅಂದಹಾಗೆ, ಟಿಡಿಎಸ್ ಮೀಟರ್ ಅದ್ದಿ ನೀರಿನ ಗಡಸುತನ ಹೇಳುವವರನ್ನು ನಂಬಬೇಡಿ. ಸಾಫ್ಟ್‌ನರ್ ದಾಟಿದ ನೀರಿನಲ್ಲೂ ಆ ಅಂಕಿ ಹೆಚ್ಚುಕಡಿಮೆ ಅಷ್ಟೇ ಇರುತ್ತದೆ. ಕ್ಯಾಲ್ಸಿಯಂ ಜಾಗಕ್ಕೆ ಸೋಡಿಯಂ ಬಂದಿರುತ್ತದೆ, ಅಷ್ಟೆ.

ಪ್ಲಂಬರ್ ಕೊಟ್ಟ ಸಲಹೆ ಸುಲಭದ್ದು: "ಬಾತ್‌ರೂಮ್ ಆ್ಯಸಿಡ್ ಬಿಟ್ಬಿಡಿ ಸಾರ್, ಹತ್ ನಿಮ್ಷ." ನಾನು ಒಪ್ಪಲಿಲ್ಲ. ಹೈಡ್ರೋಕ್ಲೋರಿಕ್ ಆಮ್ಲ ಸುಣ್ಣದ ಜೊತೆಗೆ ಕೊಳವೆಯನ್ನೂ ಬೆಸುಗೆಯನ್ನೂ ತಿನ್ನುತ್ತದೆ. ದಿನಸಿ ಅಂಗಡಿಯ ನಿಂಬೆ ಉಪ್ಪು ಸಾಕು, ಲೀಟರಿಗೆ ಸುಮಾರು 50 ಗ್ರಾಂ. ಗ್ಯಾಸ್ ಮುಚ್ಚಿ, ಸೆಲ್ ತೆಗೆದು, ನೀರಿನ ಎರಡೂ ಪೈಪ್ ಬಿಚ್ಚಬೇಕು. ಗ್ಯಾಸ್ ಪೈಪ್ ಮುಟ್ಟಬಾರದು. ಏರ್ ಕೂಲರಿನ ಪುಟ್ಟ ಪಂಪು ಬಕೆಟ್ಟಿನಿಂದ ದ್ರಾವಣವನ್ನು ಗೀಸರಿಗೆ ಏರಿಸುತ್ತದೆ, ಇನ್ನೊಂದು ಪೈಪು ಅದನ್ನು ಮತ್ತೆ ಬಕೆಟ್ಟಿಗೇ ಬಿಡುತ್ತದೆ. ಪಂಪಿಗೆ ಎತ್ತುವ ಶಕ್ತಿ ಕಡಿಮೆ, ಅದಕ್ಕೇ ಬಕೆಟ್ಟನ್ನು ಸ್ಟೂಲಿನ ಮೇಲಿಡುತ್ತೇನೆ. ದ್ರಾವಣ ಉಗುರುಬೆಚ್ಚಗಿದ್ದರೆ ಸಾಕು. ಬಿಸಿ ಹೆಚ್ಚಾದರೆ ಕ್ಯಾಲ್ಸಿಯಂ ಸಿಟ್ರೇಟ್ ಗಟ್ಟಿಯಾಗಿ ಇಳಿದು, ಒಂದು ಕೊಳೆ ತೆಗೆಯಲು ಹೋಗಿ ಇನ್ನೊಂದು ಕೂತಂತಾಗುತ್ತದೆ.

ಮೊದಲು ನೊರೆ ಉಕ್ಕುತ್ತದೆ, ಅದು ಇಂಗಾಲದ ಡೈಆಕ್ಸೈಡ್. ನೊರೆ ನಿಂತಿತೆಂದು ಕೆಲಸ ಮುಗಿಯಿತು ಅಂದುಕೊಳ್ಳಬಾರದು. ಮತ್ತೊಂದು ಹಿಡಿ ನಿಂಬೆ ಉಪ್ಪು ಕದಡಿದಾಗ ಪುನಃ ಗುಳ್ಳೆ ಎದ್ದರೆ ಸುಣ್ಣ ಇನ್ನೂ ಇದೆ. ನೀರು ನೀಲಿ-ಹಸಿರಿಗೆ ತಿರುಗಿದರೆ ತಾಮ್ರ ಕರಗುತ್ತಿದೆ, ಕೂಡಲೇ ನಿಲ್ಲಿಸಬೇಕು. ಕೊನೆಗೆ ಬರೀ ನೀರು ಧಾರಾಳವಾಗಿ ಹಾಯಿಸಬೇಕು. ಬ್ಲೀಚಿಂಗ್ ಪೌಡರ್ ಮಾತ್ರ ಹತ್ತಿರವೂ ಸುಳಿಯಬಾರದು; ಆಮ್ಲ ಸೋಕಿದರೆ ಕ್ಲೋರಿನ್ ಅನಿಲ ಏಳುತ್ತದೆ.

ನೀರು ಹೆಚ್ಚು ಕಾದಷ್ಟೂ ಸುಣ್ಣ ಹೆಚ್ಚು ಕೂರುತ್ತದೆ. ಹಾಗಾಗಿ ಶಾಖದ ಗುಂಡಿಯನ್ನು ಅರ್ಧಕ್ಕೇ ನಿಲ್ಲಿಸಿದ್ದೇನೆ. ಸುಡುವ ನೀರಿಗೆ ತಣ್ಣೀರು ಬೆರೆಸಿಕೊಂಡರೇ ಸ್ನಾನ ಅನ್ನುವ ಅಮ್ಮ, ಅವರ ಸರದಿ ಬಂದಾಗಲೆಲ್ಲ ಅದನ್ನು ಕೊನೆಯವರೆಗೂ ತಿರುಗಿಸಿಡುತ್ತಾರೆ.