ನಿಮ್ಮೂರು ಯಾವ ಕಡೆ ಮುಖ ಮಾಡಿದೆ? ಊರನ್ನು ಓದಲು ಕಲಿಯುವ ಬಗೆ

ಮುದ್ದೇನಹಳ್ಳಿಗೆ ಪ್ರವಾಸ ಬರುವ ಶಾಲಾ ಮಕ್ಕಳು ಸಾಮಾನ್ಯವಾಗಿ ಎರಡು ಜಾಗ ನೋಡುತ್ತಾರೆ. ಸರ್ ಎಂ. ವಿಶ್ವೇಶ್ವರಯ್ಯನವರ ಮನೆ, ಈಗ ಅದು ವಸ್ತುಸಂಗ್ರಹಾಲಯ. ಆಮೇಲೆ ಅವರ ಸಮಾಧಿ. ಸಾಲಾಗಿ ಹೋಗಿ ಸಾಲಾಗಿ ಬಂದು ಬಸ್ಸು ಹತ್ತುತ್ತಾರೆ. ಆ ಮನೆಯ ಸುತ್ತ ಇರುವ ಊರನ್ನು ನೋಡುವವರು ಕಡಿಮೆ. 1861ರಲ್ಲಿ ಇಲ್ಲಿ ಹುಟ್ಟಿದ ಹುಡುಗ ಓದುವುದಕ್ಕೆಂದು ಚಿಕ್ಕಬಳ್ಳಾಪುರಕ್ಕೆ, ಅಲ್ಲಿಂದ ಬೆಂಗಳೂರಿಗೆ ಹೋಗಬೇಕಾಯಿತು. ಇವತ್ತು ಹೊರಗಿನ ಊರುಗಳ ಮಕ್ಕಳು ಓದುವುದಕ್ಕೆಂದೇ ಮುದ್ದೇನಹಳ್ಳಿಗೆ ಬರುತ್ತಾರೆ. ವಿಶ್ವೇಶ್ವರಯ್ಯನವರದೇ ಹೆಸರಿನ ತಾಂತ್ರಿಕ ವಿಶ್ವವಿದ್ಯಾಲಯದ ಕೇಂದ್ರವೊಂದು ಇಲ್ಲಿದೆ. ಅದೇ ನಂದಿಬೆಟ್ಟದ ಬುಡ, ಅದೇ ಊರು. ನಡೆಯುವ ದಿಕ್ಕು ಮಾತ್ರ ತಿರುಗಿದೆ.

ಊರು ಬದಲಾಗುವುದು ಅಂದರೆ ಮುಖ್ಯವಾಗಿ ಇದೇ ಎಂದು ನನಗೆ ಅನ್ನಿಸುತ್ತದೆ. ಕಟ್ಟಡ ಎತ್ತರವಾಯಿತು, ಅಂಗಡಿ ಹೆಚ್ಚಾಯಿತು ಅನ್ನುವುದೆಲ್ಲ ಆಮೇಲಿನ ಮಾತು. ಅನ್ನ ನೀರು ಯಾವ ಕಡೆಯಿಂದ ಬರುತ್ತದೋ ಊರು ಆ ಕಡೆ ಮುಖ ಮಾಡಿ ಕೂರುತ್ತದೆ. ಅನ್ನದ ದಾರಿ ಬದಲಾದರೆ ಮುಖವನ್ನೂ ತಿರುಗಿಸುತ್ತದೆ. ಹಳೆಯ ಮುಖದ ಗುರುತು ಮಾತ್ರ ಅಳಿಸದೆ ಉಳಿದಿರುತ್ತದೆ. ಅದನ್ನು ಹುಡುಕುವುದು ಹೇಗೆಂದು ಹಂತ ಹಂತವಾಗಿ ಹೇಳುತ್ತೇನೆ. ಬೇಕಾದದ್ದು ಒಂದು ನೋಟ್‌ಬುಕ್, ಪೆನ್ಸಿಲ್, ಕುಡಿಯುವ ನೀರು, ಜೊತೆಗೆ ಬರುವ ದೊಡ್ಡವರೊಬ್ಬರು, ನಾಲ್ಕು ಭಾನುವಾರ.

ಮೊದಲ ಹಂತ: ಕೆರೆಯ ಏರಿ ಹತ್ತಿ

ಬಸ್ ನಿಲ್ದಾಣದಿಂದ ಶುರು ಮಾಡಬೇಡಿ. ಕೆರೆಯಿಂದ ಶುರು ಮಾಡಿ. ನಮ್ಮ ಚಿಕ್ಕಬಳ್ಳಾಪುರ ಸೀಮೆಯಲ್ಲಿ ವರ್ಷವಿಡೀ ಹರಿಯುವ ಹೊಳೆಯಿಲ್ಲ. ಉತ್ತರ ಪಿನಾಕಿನಿ, ದಕ್ಷಿಣ ಪಿನಾಕಿನಿ, ಅರ್ಕಾವತಿ ಹುಟ್ಟುವುದು ನಂದಿಬೆಟ್ಟದ ಸುತ್ತಮುತ್ತಲೇ ಆದರೂ ನೀರು ಇಲ್ಲಿ ನಿಲ್ಲದೆ ತಗ್ಗಿಗೆ ಇಳಿದು ಹೋಗುತ್ತದೆ. ಅದಕ್ಕೇ ಹಿಂದಿನವರು ಒಂದರ ಕೆಳಗೊಂದು ಕೆರೆ ಕಟ್ಟಿದರು. ಮೇಲಿನದು ತುಂಬಿ ಕೋಡಿ ಹರಿದರೆ ಕೆಳಗಿನದಕ್ಕೆ ನೀರು.

ಏರಿಯ ಮೇಲೆ ನಿಂತು ನಾಲ್ಕು ಗುರುತು ಹಾಕಿಕೊಳ್ಳಿ: ನೀರು ಬರುವ ಕಾಲುವೆ ಎಲ್ಲಿ, ತೂಬು ಎಲ್ಲಿ, ಕೋಡಿ ಎಲ್ಲಿ, ಅಚ್ಚುಕಟ್ಟಿನ ಗದ್ದೆ ಎಲ್ಲಿ. ಹಳೆಯ ಮನೆಗಳು, ಗ್ರಾಮದೇವತೆಯ ಗುಡಿ ಈ ನಾಲ್ಕಕ್ಕೆ ಹೊಂದಿಕೊಂಡೇ ಇರುತ್ತವೆ. ಹೊಸ ಬಡಾವಣೆಗಳು ಹಾಗಿರುವುದಿಲ್ಲ. 2021ರ ನವೆಂಬರಿನ ಮಳೆಗೆ ಜಿಲ್ಲೆಯ ಕೆರೆಗಳು ಕೋಡಿ ಬಿದ್ದು ರಸ್ತೆಗಳಿಗೆ ನೀರು ನುಗ್ಗಿದ್ದು ನಿಮ್ಮಲ್ಲಿ ಕೆಲವರಿಗೆ ನೆನಪಿರಬಹುದು. ಆ ದಿನ ಎಲ್ಲಿ ನೀರು ನಿಂತಿತ್ತು ಎಂದು ಮನೆಯವರನ್ನು ಕೇಳಿ ಗುರುತು ಹಾಕಿ. ಎಷ್ಟೋ ಕಡೆ ಅದು ಹಳೆಯ ಕಾಲುವೆಯ ದಾರಿಯೇ ಆಗಿರುತ್ತದೆ.

ಎರಡನೇ ಹಂತ: ಹೆಸರು ಬಿಡಿಸಿ ನೋಡಿ

ಊರಿನ ಹೆಸರು ಒಂದು ಪುಟ್ಟ ದಾಖಲೆ. ಕೊನೆಯಲ್ಲಿ ‘ಸಂದ್ರ’ ಇದ್ದರೆ ಅದು ಸಮುದ್ರ, ಅಂದರೆ ಅಲ್ಲೊಂದು ದೊಡ್ಡ ಕೆರೆಯಿತ್ತು. ‘ಪೇಟೆ’ ವ್ಯಾಪಾರದ್ದು, ‘ದುರ್ಗ’ ಕೋಟೆಯದು. ‘ಪಲ್ಲಿ’ ಅಂತ ಮುಗಿದರೆ ತೆಲುಗಿನ ನೆಲ ಹತ್ತಿರವಿದೆ. ಚಿಂತಾಮಣಿಗೆ ಹೆಸರು ಬಂದದ್ದು ಚಿಂತಾಮಣಿ ರಾವ್ ಎಂಬ ಮರಾಠ ಮುಖಂಡನಿಂದ. ಈ ಒಂದು ಹೆಸರಿನಲ್ಲೇ ಮರಾಠರ ಕುದುರೆಗಳು ಇಲ್ಲಿವರೆಗೆ ಬಂದ ಕಥೆಯಿದೆ. ಬೀದಿ, ಬಾವಿ, ತೋಪುಗಳ ಹೆಸರನ್ನೂ ಬಿಡಬೇಡಿ. ಬಾವಿ ಮುಚ್ಚಿಹೋಗಿ ಮೇಲೆ ಅಂಗಡಿ ಎದ್ದಿದ್ದರೂ ‘ಬಾವಿ ಬೀದಿ’ ಅನ್ನುವ ಹೆಸರು ಮುಚ್ಚಿಹೋಗಿರುವುದಿಲ್ಲ.

ಮೂರನೇ ಹಂತ: ಕಲ್ಲಿನ ಮುಂದೆ ನಿಲ್ಲಿ

ಇದಕ್ಕೆ ಒಂದು ಇಡೀ ಭಾನುವಾರ ಬೇಕು. ಮುದ್ದೇನಹಳ್ಳಿಯ ಹತ್ತಿರವೇ ನಂದಿ ಗ್ರಾಮದಲ್ಲಿ ಭೋಗನಂದೀಶ್ವರ ದೇವಾಲಯವಿದೆ. ಊರು ಹೇಗೆ ಬೆಳೆಯುತ್ತದೆ ಎಂದು ತೋರಿಸುವುದಕ್ಕೆ ಇದಕ್ಕಿಂತ ಒಳ್ಳೆಯ ಪಾಠಶಾಲೆ ನನಗೆ ಗೊತ್ತಿಲ್ಲ. ಒಳಗೆ ಹೋದ ಕೂಡಲೇ ಒಂದೇ ದೊಡ್ಡ ಗುಡಿ ಅನ್ನಿಸುತ್ತದೆ. ಹಾಗೆ ನಂಬಬೇಡಿ. ಹೊರಗಿನಿಂದ ಗೋಡೆ ಹಿಡಿದು ನಿಧಾನವಾಗಿ ಸುತ್ತು ಹಾಕಿ. ಒಂದು ಪಕ್ಕ ಅರುಣಾಚಲೇಶ್ವರ, ಇನ್ನೊಂದು ಪಕ್ಕ ಭೋಗನಂದೀಶ್ವರ. ಇವೆರಡೂ ಹಳೆಯವು, ಇಲ್ಲಿ ಕಟ್ಟುವ ಕೆಲಸ ಶುರುವಾದದ್ದು 9ನೇ ಶತಮಾನದ ಹೊತ್ತಿಗೆ. ಎರಡರ ನಡುವೆ ಮೊದಲು ಬಯಲಿತ್ತು. ನಂತರದ ಕಾಲದವರು ಆ ಬಯಲಿನಲ್ಲಿ ಉಮಾಮಹೇಶ್ವರನ ಗುಡಿಯನ್ನೂ ಅದರ ಮುಂದೆ ಕಲ್ಯಾಣ ಮಂಟಪವನ್ನೂ ಸೇರಿಸಿದರು. ಇನ್ನೂ ಆಮೇಲೆ ವಿಜಯನಗರದ ಕಾಲದಲ್ಲಿ ಮಗ್ಗುಲಿಗೆ ಕಲ್ಯಾಣಿ, ಪ್ರಾಕಾರ ಎಂದು ಬೆಳೆಯಿತು.

ಹಳೆಯ ಗೋಡೆಗೆ ಹೊಸ ಗೋಡೆ ಬಂದು ಸೇರುವ ಮೂಲೆ ಹುಡುಕಿ. ಅಲ್ಲಿ ಕಲ್ಲಿನ ಸಾಲು ಮುರಿಯುತ್ತದೆ, ಕೆತ್ತನೆಯ ಕೈ ಬದಲಾಗುತ್ತದೆ. ಆ ಸಂದಿನ ಮೇಲೆ ಬೆರಳಿಟ್ಟರೆ ಒಂದು ಕಾಲ ಮುಗಿದು ಇನ್ನೊಂದು ಶುರುವಾದ ಜಾಗವನ್ನೇ ಮುಟ್ಟಿದಂತೆ. ಮೊದಲ ಸಲ ಅದನ್ನು ಕಂಡಾಗ ನಾನು ಬಹಳ ಹೊತ್ತು ಅಲ್ಲಿಂದ ಕದಲಲಿಲ್ಲ. ಗಂಗರು, ನೊಳಂಬರು, ಚೋಳರು ಎಂದು ಪುಸ್ತಕದಲ್ಲಿ ಬಾಯಿಪಾಠ ಮಾಡಿದ ಹೆಸರುಗಳಿಗೆ ಕೈಗೆ ಸಿಗುವ ಅಂಚು ಇದೆಯೆಂದು ಆ ದಿನ ತಿಳಿಯಿತು.

ನಿಮ್ಮ ಊರಿನಲ್ಲಿ ಇಷ್ಟು ದೊಡ್ಡ ಗುಡಿ ಇಲ್ಲದಿದ್ದರೆ ಬೇಸರ ಬೇಡ. ಹೊಲದ ಬದುವಿನಲ್ಲಿ, ಅರಳಿಕಟ್ಟೆಯ ಬುಡದಲ್ಲಿ ವೀರಗಲ್ಲು, ಮಾಸ್ತಿಕಲ್ಲು ಸಿಗುತ್ತವೆ. ಅಕ್ಷರ ಕಾಣಬೇಕಾದರೆ ಬೆಳಗಿನ ಅಥವಾ ಸಂಜೆಯ ಓರೆ ಬಿಸಿಲಿನಲ್ಲಿ ಫೋಟೊ ತೆಗೆಯಿರಿ. ಸೀಮೆಸುಣ್ಣ, ಬಣ್ಣ, ಎಣ್ಣೆ ಯಾವುದನ್ನೂ ಹಚ್ಚಬೇಡಿ, ಕಲ್ಲಿಗೆ ಕೇಡು. ಓದಲು ಬಾರದಿದ್ದರೆ ಬಿ.ಎಲ್. ರೈಸ್ ಅವರ ‘ಎಪಿಗ್ರಾಫಿಯಾ ಕರ್ನಾಟಿಕಾ’ದ 10ನೇ ಸಂಪುಟ ನೋಡಿ. 1905ರಲ್ಲಿ ಅಚ್ಚಾದ ಅದರ ಹೆಸರಿನಲ್ಲಿ ಕೋಲಾರ ಜಿಲ್ಲೆ ಎಂದಿರುತ್ತದೆ. ಆಗ ಚಿಕ್ಕಬಳ್ಳಾಪುರ, ಗೌರಿಬಿದನೂರು, ಶಿಡ್ಲಘಟ್ಟ, ಚಿಂತಾಮಣಿ ಎಲ್ಲವೂ ಕೋಲಾರಕ್ಕೆ ಸೇರಿದ್ದವು. ಜಿಲ್ಲೆಯ ಗಡಿ ಬದಲಾದದ್ದು ಗೊತ್ತಿಲ್ಲದವನಿಗೆ ತನ್ನೂರಿನ ಶಾಸನವೇ ಸಿಗುವುದಿಲ್ಲ.

ನಾಲ್ಕನೇ ಹಂತ: ದಾರಿ ಹಿಡಿದು ನಡೆಯಿರಿ

ಈಗ ಚಿಕ್ಕಬಳ್ಳಾಪುರಕ್ಕೆ ಬನ್ನಿ. ಆವತಿ ನಾಡಪ್ರಭುಗಳ ಮನೆತನದ ಮಲ್ಲಬೈರೇಗೌಡ ಕೋಡಿ ಮಂಚೇನಹಳ್ಳಿಯ ಕಾಡಿಗೆ ಬೇಟೆಗೆ ಬಂದಾಗ, ಮೊಲವೊಂದು ಬೇಟೆನಾಯಿಗಳಿಗೇ ಎದುರು ನಿಂತಿತಂತೆ. ಇದು ಗಂಡುಭೂಮಿ ಎಂದು 1479ರಲ್ಲಿ ಕೋಟೆ ಕಟ್ಟಿಸಿದನೆಂದು ಹೇಳುತ್ತಾರೆ. ಮೊಲದ ಕಥೆಯನ್ನು ಬೇರೆ ಊರುಗಳವರೂ ಹೇಳುವುದುಂಟು. ಕಥೆಯನ್ನು ಕಥೆ ಎಂದೇ ಬರೆದುಕೊಳ್ಳಿ, ಬಿಡಬೇಡಿ. ಕೋಟೆಯ ಊರಿಗೆ ಮುಖ ಕೋಟೆಯ ಬಾಗಿಲು. ಪೇಟೆ ಅದರ ಮುಂದೆ ಬೆಳೆಯುತ್ತದೆ. 1762ರಲ್ಲಿ ಹೈದರ್ ಅಲಿ ಈ ಪಾಳೆಯಪಟ್ಟನ್ನು ಗೆದ್ದ ಮೇಲೆ ಅಧಿಕಾರ ಶ್ರೀರಂಗಪಟ್ಟಣಕ್ಕೆ ಹೋಯಿತು, ಬಾಗಿಲಿನ ಮಹತ್ವ ಕಡಿಮೆಯಾಯಿತು.

1915ರಲ್ಲಿ ಬೆಂಗಳೂರಿನ ಕಡೆಯಿಂದ ರೈಲು ಬಂತು. ಈಗಿನ ಹಾಗೆ ಅಗಲ ಹಳಿಯಲ್ಲ, ಎರಡೂವರೆ ಅಡಿ ಅಗಲದ ಸಣ್ಣ ಹಳಿ. ಆಗ ಮೈಸೂರಿನ ದಿವಾನರಾಗಿದ್ದವರು ಮುದ್ದೇನಹಳ್ಳಿಯ ವಿಶ್ವೇಶ್ವರಯ್ಯನವರೇ. ಮರುವರ್ಷ ಚಿಂತಾಮಣಿ, ಕೋಲಾರದ ಕಡೆಯ ಸಣ್ಣ ಹಳಿಯೂ ಸೇರಿತು. ಊರು ಸ್ಟೇಷನ್ನಿನ ಕಡೆ ನೋಡತೊಡಗಿತು. ಆಮೇಲೆ ಬಸ್ಸು ಲಾರಿಗಳು ಹೆಚ್ಚಿ ಹೈದರಾಬಾದ್ ಹೆದ್ದಾರಿ ಎಳೆಯಿತು. 2007ರಲ್ಲಿ ಇದು ಜಿಲ್ಲಾ ಕೇಂದ್ರವಾಯಿತು, ಮರುವರ್ಷವೇ ದೇವನಹಳ್ಳಿಯಲ್ಲಿ ವಿಮಾನ ನಿಲ್ದಾಣ ತೆರೆಯಿತು. ಈಗ ಹೊಸ ಬಡಾವಣೆಗಳ ಜಾಹೀರಾತು ಫಲಕ ಓದಿ ನೋಡಿ: ಕೋಟೆಗೆ ಎಷ್ಟು ದೂರ ಎಂದು ಯಾರೂ ಬರೆಯುವುದಿಲ್ಲ, ಏರ್‌ಪೋರ್ಟಿಗೆ ಎಷ್ಟು ನಿಮಿಷ ಎಂದು ಬರೆಯುತ್ತಾರೆ.

ನೀವು ಮಾಡಬೇಕಾದದ್ದು ಇಷ್ಟು. ಹಳೆಯ ಪೇಟೆಯಿಂದ ಸ್ಟೇಷನ್ನಿಗೆ, ಅಲ್ಲಿಂದ ಹೆದ್ದಾರಿಗೆ ನಡೆಯಿರಿ. ದಾರಿಯುದ್ದಕ್ಕೂ ಅಂಗಡಿಗಳ ಬಾಗಿಲು ಯಾವ ದಿಕ್ಕಿಗಿದೆ, ಬೀದಿ ಎಷ್ಟು ಹೆಜ್ಜೆ ಅಗಲವಿದೆ ಎಂದು ಬರೆದುಕೊಳ್ಳಿ. ತಲೆಹೊರೆಯವರಿಗೆ ಆದ ಬೀದಿ, ಎತ್ತಿನ ಗಾಡಿಗೆ ಆದ ಬೀದಿ, ಲಾರಿಗೆ ಆದ ಬೀದಿ ಹೆಜ್ಜೆ ಲೆಕ್ಕದಲ್ಲೇ ಬೇರೆಬೇರೆಯಾಗಿ ಕಾಣುತ್ತವೆ. ಗೌರಿಬಿದನೂರಿನವರಿಗೆ ಉತ್ತರ ಬೇರೆ ಬರುತ್ತದೆ. ಅವರ ರೈಲು ಗುಂತಕಲ್ ಕಡೆಯದು, ಅವರ ಓಡಾಟ ಹಿಂದೂಪುರದ ಕಡೆಗೂ ಇದೆ.

ಒಂದು ಎಚ್ಚರಿಕೆ. ಸರ್ಕಾರಿ ಕಚೇರಿ ಬಂದ ಊರೇ ದೊಡ್ಡದಾಗುತ್ತದೆ ಎಂದುಕೊಳ್ಳಬೇಡಿ. 2011ರ ಜನಗಣತಿಯಲ್ಲಿ ಚಿಕ್ಕಬಳ್ಳಾಪುರ ಪಟ್ಟಣದ್ದು ಸುಮಾರು 63 ಸಾವಿರ ಜನ, ಚಿಂತಾಮಣಿಯದು ಸುಮಾರು 76 ಸಾವಿರ. ಅಲ್ಲಿ ಜನರನ್ನು ಸೇರಿಸಿದ್ದು ಬಹುಮಟ್ಟಿಗೆ ವ್ಯಾಪಾರ.

ಐದನೇ ಹಂತ: ಕಸುಬಿನ ವಾಸನೆ ಹಿಡಿಯಿರಿ

ಶಿಡ್ಲಘಟ್ಟಕ್ಕೆ ಹೋದರೆ ಕಣ್ಣಿಗಿಂತ ಮೊದಲು ಮೂಗಿಗೆ ಊರು ಗೊತ್ತಾಗುತ್ತದೆ. ರೇಷ್ಮೆಗೂಡು ಬೇಯುವ ವಾಸನೆ. ಬೆಳಿಗ್ಗೆ ಗೂಡಿನ ಮಾರುಕಟ್ಟೆಯಲ್ಲಿ ಜಾಲರಿಗಳಲ್ಲಿ ಗೂಡು ಸುರಿದಿರುತ್ತಾರೆ. ರೀಲರ್‌ಗಳು ಒಂದು ಹಿಡಿ ಎತ್ತಿ, ಕಿವಿಯ ಹತ್ತಿರ ಅಲ್ಲಾಡಿಸಿ, ಬೆರಳಲ್ಲಿ ಒತ್ತಿ ನೋಡಿ ಬೆಲೆ ಕೂಗುತ್ತಿದ್ದ ಕಾಲ ಹೋಗಿ ಈಗ ಇ-ಹರಾಜು ಬಂದಿದೆ, ಹಿಡಿದು ನೋಡುವ ಕೈ ಮಾತ್ರ ಅದೇ. ಬಿಚ್ಚಾಣಿಕೆ ಮನೆಯೊಳಗೆ ಒಂದು ನಿಮಿಷ ನಿಲ್ಲಲು ಅಪ್ಪಣೆ ಕೇಳಿ. ಬಿಸಿನೀರಿನಲ್ಲಿ ತೇಲುವ ಗೂಡುಗಳ ಮೇಲೆ ಆಡಿಸಿದ ಕೈಗೆ ಕಣ್ಣಿಗೆ ಕಾಣದಷ್ಟು ಸಣ್ಣ ಎಳೆಯ ತುದಿ ಸಿಗುತ್ತದೆ. ಒಂದು ಗೂಡಿನಿಂದ ಸಾವಿರ ಮೀಟರಿನ ಆಸುಪಾಸು ನೂಲು ಬರುವುದುಂಟು. ಟಿಪ್ಪುವಿನ ಕಾಲದಲ್ಲಿ ಮೈಸೂರು ಸೀಮೆಗೆ ಬಂದ ಕಸುಬು ಇಲ್ಲಿ ಬೀದಿಗಳನ್ನೇ ರೂಪಿಸಿದೆ: ಮನೆಗೆ ಅಂಟಿಕೊಂಡ ಒಲೆ, ಹೊಗೆ ಕೊಳವೆ, ಸೌದೆಯ ರಾಶಿ, ನೀರಿನ ತೊಟ್ಟಿ.

ಇರುವ ಕಸುಬಿನ ಜೊತೆ ಹೋದ ಕಸುಬನ್ನೂ ಹುಡುಕಿ. 1800ರಲ್ಲಿ ಈ ದಾರಿಯಲ್ಲಿ ಬಂದ ಫ್ರಾನ್ಸಿಸ್ ಬುಕಾನನ್ ಚಿಕ್ಕಬಳ್ಳಾಪುರದ ಸಕ್ಕರೆ, ಕಲ್ಲುಸಕ್ಕರೆಯ ಬಗ್ಗೆ ಬರೆದಿದ್ದಾನೆ. ಇವತ್ತು ಆ ಊರಿನ ಹೆಸರು ಹೇಳಿದರೆ ದ್ರಾಕ್ಷಿ, ಹೂವು, ತರಕಾರಿ ನೆನಪಾಗುತ್ತದೆಯೇ ಹೊರತು ಕಲ್ಲುಸಕ್ಕರೆ ಅಲ್ಲ.

ಆರನೇ ಹಂತ: ತಾತ ಅಜ್ಜಿಯರನ್ನು ಕೇಳಿ, ಆದರೆ ಹೀಗೆ ಕೇಳಿ

“ತಾತ, ಆಗ ಊರು ಹೆಂಗಿತ್ತು?” ಅಂದರೆ “ಚೆನ್ನಾಗಿತ್ತಪ್ಪ” ಎಂಬ ಒಂದೇ ಮಾತು ಬರುತ್ತದೆ. ಪ್ರಶ್ನೆ ಚಿಕ್ಕದಾಗಿರಲಿ, ಒಂದು ವರ್ಷಕ್ಕೆ ಕಟ್ಟಿರಲಿ.

“ಅಜ್ಜಿ, ನೀವು ಮದುವೆಯಾಗಿ ಈ ಊರಿಗೆ ಬಂದಾಗ ನೀರು ಎಲ್ಲಿಂದ ತರ್ತಿದ್ರಿ?”

“ಸೇದೋ ಬಾವಿಯಿಂದ ಕಣಮ್ಮ, ಕೆರೆ ಕೆಳಗೆ ಇತ್ತು. ಬೇಸಿಗೇಲೂ ಎಂಟು ಮಾರು ಹಗ್ಗ ಸಾಕಾಗ್ತಿತ್ತು.”

ಸಿಕ್ಕಿತು ನೋಡಿ. ಒಂದು ಮಾರು ಅಂದರೆ ಎರಡು ಕೈ ಚಾಚಿದಷ್ಟು, ಸುಮಾರು ಆರು ಅಡಿ. ಎಂಟು ಮಾರಿಗೆ 48 ಅಡಿ. ಈಗ ಈ ಸೀಮೆಯಲ್ಲಿ ಸಾವಿರ ಅಡಿ ದಾಟಿದ ಬೋರುಗಳು ಮಾಮೂಲು. ಅಜ್ಜಿಯ ಹಗ್ಗದಿಂದ ಬೋರಿನ ಪೈಪಿನವರೆಗಿನ ಅಂತರವೇ ನಿಮ್ಮೂರಿನ ಐವತ್ತು ಅರವತ್ತು ವರ್ಷದ ಚರಿತ್ರೆ.

ನೀರಿನ ದಿಕ್ಕೂ ತಿರುಗಿದೆ. ನಂದಿಯ ಕಡೆಯಿಂದ ಇಳಿಯುವ ಅರ್ಕಾವತಿಗೆ 1890ರ ದಶಕದಲ್ಲಿ ಹೆಸರಘಟ್ಟದಲ್ಲಿ, 1933ರಲ್ಲಿ ತಿಪ್ಪಗೊಂಡನಹಳ್ಳಿಯಲ್ಲಿ ತಡೆ ಹಾಕಿ ಬೆಂಗಳೂರಿಗೆ ಕುಡಿಸಿದರು. ಈಗ ಬೆಂಗಳೂರಿನ ಹೆಬ್ಬಾಳ–ನಾಗವಾರ ಕಣಿವೆಯಲ್ಲಿ ಸಂಸ್ಕರಿಸಿದ ಬಳಕೆಯ ನೀರು ಕೊಳವೆಯಲ್ಲಿ ಹತ್ತಿ ನಮ್ಮ ಜಿಲ್ಲೆಯ ಕೆರೆಗಳಿಗೆ ಬರುತ್ತಿದೆ. ಆ ನೀರು ನೆಲಕ್ಕೆ ಎಷ್ಟು ಒಳ್ಳೆಯದು ಎಂದು ರೈತರು ಕೇಳುತ್ತಲೇ ಇದ್ದಾರೆ, ಕೇಳಬೇಕಾದ ಪ್ರಶ್ನೆಯೇ.

ವರ್ಷ ಗೊತ್ತಿಲ್ಲ ಅಂದರೆ ಊರಿನ ದೊಡ್ಡ ಘಟನೆಗೆ ಕಟ್ಟಿ ಕೇಳಿ. ಗೌರಿಬಿದನೂರಿನ ಕಡೆಯ ಹಿರಿಯರು “ವಿದುರಾಶ್ವತ್ಥದ ಗೋಲಿಬಾರಿಗೆ ಮುಂಚೆ” ಅಂದರೆ ಅದು 1938ರ ಏಪ್ರಿಲ್ 25ಕ್ಕೆ ಮುಂಚೆ. ಧ್ವಜ ಸತ್ಯಾಗ್ರಹಕ್ಕೆ ಸೇರಿದ್ದ ಜನರ ಮೇಲೆ ಪೊಲೀಸರು ಗುಂಡು ಹಾರಿಸಿದ ದಿನ ಅದು. ಅವರು ಹೇಳಿದ ಮಾತನ್ನು ಅವರ ಮಾತಿನಲ್ಲೇ ಬರೆದುಕೊಳ್ಳಿ, ತಿದ್ದಬೇಡಿ.

ಏಳನೇ ಹಂತ: ಮೂರು ಹಾಳೆ, ಒಂದು ನಕ್ಷೆ

ಸರ್ವೆ ನಂಬರುಗಳಿರುವ ಗ್ರಾಮನಕ್ಷೆಯನ್ನು ಕಂದಾಯ ಇಲಾಖೆಯ ಜಾಲತಾಣದಿಂದ ಇಳಿಸಿಕೊಳ್ಳಿ. ಅದರ ಮೇಲೆ ಮೂರು ಟ್ರೇಸಿಂಗ್ ಹಾಳೆ ಇಡಿ. ಒಂದರಲ್ಲಿ ಕೆರೆ, ಕಾಲುವೆ, ಬಾವಿ. ಇನ್ನೊಂದರಲ್ಲಿ ದಾರಿ, ಹಳಿ, ಹೆದ್ದಾರಿ. ಮೂರನೆಯದರಲ್ಲಿ ಮನೆ, ಗುಡಿ, ಮಸೀದಿ, ಮಾರುಕಟ್ಟೆ. ಒಂದೊಂದನ್ನೇ ಎತ್ತಿ ಇಟ್ಟು ನೋಡಿ. ಎಲ್ಲಿ ಮನೆಗಳ ಸಾಲು ಕಾಲುವೆಯನ್ನು ದಾಟಿದೆಯೋ ಅಲ್ಲಿ ಬಾಣದ ಗುರುತು ಹಾಕಿ.

ನಕ್ಷೆ ನೋಡುವಾಗ ಅಕ್ಕಪಕ್ಕದ ಗ್ರಾಮಗಳ ಪಟ್ಟಿಯನ್ನೂ ಗಮನಿಸಿ. ಕೆಲವು ಹೆಸರುಗಳ ಮುಂದೆ ‘ಬೇಚಿರಾಕ್’ ಎಂದಿರುತ್ತದೆ. ಅದು ಪಾರಸಿಯಿಂದ ಬಂದ ಮಾತು. ‘ಚಿರಾಗ್’ ಅಂದರೆ ದೀಪ, ಬೇಚಿರಾಕ್ ಅಂದರೆ ದೀಪವಿಲ್ಲದ ಊರು. ಹೆಸರಿದೆ, ಗಡಿಯಿದೆ, ಸರ್ವೆ ನಂಬರಿದೆ, ಮನೆಯಿಲ್ಲ, ಮನುಷ್ಯರಿಲ್ಲ. ಪ್ಲೇಗಿಗೋ ಬರಕ್ಕೋ ಜಗಳಕ್ಕೋ ಜನ ಎದ್ದುಹೋಗಿರಬಹುದು. ಕಾರಣ ಪಕ್ಕದ ಊರಿನ ಹಿರಿಯರ ಬಾಯಲ್ಲಿ ಸಿಗಬಹುದು.

ಕೊನೆಯ ಭಾನುವಾರ ದೊಡ್ಡವರ ಜೊತೆ ಅಂಥ ಒಂದು ಊರಿಗೆ ಹೋಗಿ. ಹುಣಸೆಮರ, ಒಡೆದ ಮಡಕೆಯ ಚೂರು, ಮುಚ್ಚಿಹೋದ ಬಾವಿ ಸಿಗಬಹುದು. ಗುಡಿಯೊಂದು ಉಳಿದಿದ್ದರೆ ಅದರ ಬಾಗಿಲು ಯಾವ ಕಡೆಗಿದೆ ನೋಡಿ, ಬೆನ್ನು ಕೊಟ್ಟು ಅದೇ ದಿಕ್ಕಿಗೆ ನಿಲ್ಲಿ. ಊರಿನ ದೊಡ್ಡ ಬೀದಿ ನಿಮ್ಮ ಎದುರಿಗೆ ಇದ್ದಿರಬೇಕು. ಹೆಜ್ಜೆ ಎಣಿಸುತ್ತಾ ಹೊರಡಿ.