ಲಿಂಕ್ ಒತ್ತಿದ್ದಾಯಿತು, ಮುಂದೆ?

ಹತ್ತಿ ಮಾರಿ, ತೊಗರಿ ರಾಶಿ ಮುಗಿಸುವ ದಿನಗಳಲ್ಲಿ ನಮ್ಮ ಸೈದಾಪುರ ಸುತ್ತಿನ ಹಳ್ಳಿಗಳ ಖಾತೆಗಳಲ್ಲಿ ವರ್ಷವಿಡೀ ಕಾಣದಷ್ಟು ರೊಕ್ಕ ಇರುತ್ತದೆ. ಅದು ಕೈಗೆ ಬರುವ ಮೊದಲೇ ಎಲ್ಲೆಲ್ಲಿಗೆ ಹೋಗಬೇಕೆಂದು ಗೊತ್ತಾಗಿರುತ್ತದೆ: ಸೊಸೈಟಿ ಸಾಲ, ಅಂಗಡಿ ಉದ್ರಿ, ಮಗಳ ಲಗ್ನ, ಮುಂದಿನ ಮುಂಗಾರಿಯ ಬೀಜ, ಗೊಬ್ಬರ. ‘ಪಿಎಂ ಕಿಸಾನ್ ಕಂತು ನಿಂತಿದೆ, ಇವತ್ತೇ ಕೆವೈಸಿ ಮಾಡಿ’, ‘ನಿಮ್ಮ ಗಾಡಿಗೆ ದಂಡ ಬಿದ್ದಿದೆ’, ‘ಖಾತೆ ಬಂದ್ ಆಗುತ್ತದೆ’ ಎಂಬ ಸಂದೇಶಗಳು ಬರುವುದೂ ಆ ಖಾತೆಗೆ ಜೋಡಿಸಿದ ಫೋನಿಗೇ. ಕೆಲವು ಬರೀ ಲಿಂಕು. ಕೆಲವು ಹೆಸರಿನ ಕೊನೆಗೆ ಎಪಿಕೆ ಎಂದಿರುವ ಫೈಲು. ಲಗ್ನಪತ್ರಿಕೆಯ ಹೆಸರಿನಲ್ಲೂ ಈ ಫೈಲುಗಳು ಓಡಾಡಿವೆ.

ಒತ್ತಬೇಡಿ ಎಂದು ಬ್ಯಾಂಕು ಹೇಳುತ್ತದೆ, ಪೊಲೀಸರು ಹೇಳುತ್ತಾರೆ, ಪತ್ರಿಕೆಗಳು ಹೇಳುತ್ತವೆ. ಹೇಳಲೇಬೇಕಾದ ಮಾತು ಅದು. ಆದರೆ ಒತ್ತಿಬಿಟ್ಟವರೂ ಇದ್ದಾರೆ, ನಾಳೆಯೂ ಇರುತ್ತಾರೆ. ಈ ಅಂಕಣ ಅವರಿಗಾಗಿ.

ನಮ್ಮ ಕಾಕಾ ಒತ್ತಿದ್ದು ಮುಂಜಾನೆ, ನನಗೆ ಫೋನ್ ಹಚ್ಚಿದ್ದು ಸಂಜೆ. “ತಮ್ಮಾ, ಏನೋ ಒತ್ತೀನಿ, ಫೋನು ಬ್ಯಾರೇನೇ ಆಗ್ಯಾದ. ನಿಮ್ಮ ಕಾಕಿಗಿ ಮಾತ್ರ ಹೇಳಬ್ಯಾಡ” ಅಂದರು. ಊರಿನ ವಾಟ್ಸಾಪ್ ಗುಂಪಿಗೆ, ಪರಿಚಯದವರ ನಂಬರಿನಿಂದಲೇ ಬಂದಿದ್ದ ಪಿಎಂ ಕಿಸಾನ್ ಹೆಸರಿನ ಫೈಲು ಅದು. ನಂಬಲು ಕಾರಣವೂ ಇತ್ತು. 2019ರ ಫೆಬ್ರುವರಿಯಲ್ಲಿ ಶುರುವಾದ ಆ ಯೋಜನೆಯಲ್ಲಿ ವರ್ಷಕ್ಕೆ ₹6,000, ಮೂರು ಕಂತಿನಲ್ಲಿ ಬರುತ್ತದೆ. ಅದಕ್ಕೆ ಇ-ಕೆವೈಸಿ ನಿಜಕ್ಕೂ ಕಡ್ಡಾಯ. ನಿಜವಾದ ನಿಯಮವನ್ನೇ ಹಿಡಿದುಕೊಂಡು ಬಂದ ಸುಳ್ಳನ್ನು ಗುರುತಿಸುವುದು ಓದಿದವರಿಗೂ ಕಷ್ಟ. ಕಾಕಾ ಫೈಲು ಇಳಿಸಿಕೊಂಡರು, ಅದು ಕೇಳಿದ್ದಕ್ಕೆಲ್ಲ ಒಪ್ಪಿಗೆ ಒತ್ತಿದರು, ‘ಪರಿಶೀಲನೆಗೆ ₹1 ಕಟ್ಟಿ’ ಎಂದಾಗ ಯುಪಿಐ ಪಿನ್ ಹಾಕಿದರು.

ಮುಂಜಾನೆಯೇ ₹40,000 ಹೋಗಿತ್ತು. ಇನ್ನೊಂದು ₹24,000 ಹೋದದ್ದು ಮಧ್ಯಾಹ್ನ ಇಳಿದ ಮೇಲೆ. ಈ ಎರಡರ ನಡುವಿನ ಅಷ್ಟೂ ಹೊತ್ತು ಕಾಕಾ ಒಬ್ಬರೇ ಕೂತು ಫೋನನ್ನು ಆರಿಸಿ ಹಚ್ಚಿ ನೋಡುತ್ತಿದ್ದರು. ಮನೆಯಲ್ಲಿ ಪದವಿ ಓದಿದ ಸೊಸೆ ಇದ್ದಳು. ಅವಳಿಗೂ ಹೇಳಿರಲಿಲ್ಲ. ಐವತ್ತು ವರ್ಷ ಮನೆಯ ರೊಕ್ಕದ ಲೆಕ್ಕ ನೋಡಿದ ಮನುಷ್ಯನಿಗೆ ‘ನಾ ಮೋಸ ಹೋದೆ’ ಎಂಬ ಮಾತು ಸುಲಭವಾಗಿ ಬಾಯಿಗೆ ಬರುವುದಿಲ್ಲ. ಕಳ್ಳರಿಗೆ ಇದು ಚೆನ್ನಾಗಿ ಗೊತ್ತು, ಎರಡನೆಯ ಸಲ ಅವರು ಕೈ ಹಾಕುವುದು ಈ ನಾಚಿಕೆಯ ಹೊತ್ತಿನಲ್ಲೇ.

ಏನಾಗಿದೆ ಎಂಬುದನ್ನು ಮೊದಲು ಗುರುತಿಸಿಕೊಳ್ಳಬೇಕು. ಬರೀ ಲಿಂಕ್ ಒತ್ತಿ, ಪುಟ ತೆರೆದು, ಏನೂ ತುಂಬದೆ, ಏನೂ ಇಳಿಸಿಕೊಳ್ಳದೆ ಹೊರಬಂದಿದ್ದರೆ ಬಹುತೇಕ ಸಲ ರೊಕ್ಕಕ್ಕೆ ಧಕ್ಕೆಯಿಲ್ಲ. ಪುಟ ಮುಚ್ಚಿ, ಬ್ರೌಸರ್‌ನ ಹಳೆಯ ಮಾಹಿತಿ ಅಳಿಸಿ, ಒಂದೆರಡು ದಿನ ಖಾತೆಯ ಮೇಲೆ ಕಣ್ಣಿಟ್ಟರೆ ಸಾಕು. ಪುಟದಲ್ಲಿ ಕಾರ್ಡ್ ನಂಬರು, ಪಾಸ್‌ವರ್ಡ್, ಒಟಿಪಿ, ಪಿನ್ ತುಂಬಿದ್ದರೆ ಕೆಟ್ಟಿರುವುದು ಖಾತೆ. ಕೂಡಲೇ ಬ್ಯಾಂಕಿಗೆ ಹೇಳಿ ಕಾರ್ಡ್ ಮತ್ತು ಯುಪಿಐ ತಡೆಸಬೇಕು. ಎಪಿಕೆ ಇಳಿಸಿಕೊಂಡು ಒಪ್ಪಿಗೆ ಕೊಟ್ಟಿದ್ದರೆ ಫೋನೇ ಅವರ ಕೈಯಲ್ಲಿದೆ ಎಂದು ತಿಳಿಯಬೇಕು. ನಿಮ್ಮ ಸಂದೇಶಗಳನ್ನು ಅವರು ನಿಮಗಿಂತ ಮೊದಲು ಓದುತ್ತಾರೆ. ಕಾಕಾನ ಫೋನಿಗೆ ರೊಕ್ಕ ಕಡಿತವಾದ ಸಂದೇಶದ ಸದ್ದೇ ಬಂದಿರಲಿಲ್ಲ.

ಅಂಥ ಫೋನಿನಿಂದಲೇ ಬ್ಯಾಂಕಿನ ಆ್ಯಪ್ ತೆರೆದು ಪಾಸ್‌ವರ್ಡ್ ಬದಲಿಸಲು ಹೋಗುವವರಿದ್ದಾರೆ. ಬೇಡ, ಹೊಸ ಪಾಸ್‌ವರ್ಡ್ ಕೂಡ ಅವರಿಗೇ ತಲುಪುತ್ತದೆ. ಮೊದಲು ಡೇಟಾ, ವೈಫೈ ಬಂದ್ ಮಾಡಿ ಏರೋಪ್ಲೇನ್ ಮೋಡ್‌ಗೆ ಹಾಕಬೇಕು. ಕರೆ ಮುಗಿದ ಕೂಡಲೇ ಇದನ್ನು ಮಾಡಿ, ಪಾಸ್‌ಬುಕ್ ಮತ್ತು ಎಟಿಎಂ ಕಾರ್ಡ್ ತೆಗೆದುಕೊಂಡು ಸೈದಾಪುರಕ್ಕೆ ಬನ್ನಿ ಎಂದು ಕಾಕಾಗೆ ಹೇಳಿದೆ. ಬಂದ ಕೂಡಲೇ ಅವರ ಸಿಮ್ ತೆಗೆದು ಹಳೆಯ ಕೀಪ್ಯಾಡ್ ಫೋನಿಗೆ ಹಾಕಿದೆವು. ಸಣ್ಣ ಸಿಮ್ ಆ ಫೋನಿನ ದೊಡ್ಡ ಗೂಡಿನಲ್ಲಿ ಕೂಡಲಿಲ್ಲ. ಮೊಬೈಲ್ ಅಂಗಡಿಯ ಹುಡುಗ ಡ್ರಾವರ್ ತಡಕಾಡಿ ಪ್ಲಾಸ್ಟಿಕ್ಕಿನ ಅಡಾಪ್ಟರ್ ತೆಗೆದುಕೊಟ್ಟ, ರೊಕ್ಕ ತೆಗೆದುಕೊಳ್ಳಲಿಲ್ಲ. ಅಲ್ಲಿಂದ ಮುಂದೆ ಒಟಿಪಿಗಳು ಕಳ್ಳರ ಆ್ಯಪ್ ಇರುವ ಫೋನಿಗೆ ಹೋಗದೆ ಈ ಕೀಪ್ಯಾಡ್ ಫೋನಿಗೆ ಬರತೊಡಗಿದವು. ಅದೇ ಫೋನಿನಿಂದ ##002# ಒತ್ತಿ ಕರೆ ಹಚ್ಚಿದರೆ, ಗುಟ್ಟಾಗಿ ಯಾರಾದರೂ ನಿಮ್ಮ ಕರೆಗಳನ್ನು ಬೇರೆ ನಂಬರಿಗೆ ತಿರುಗಿಸಿಟ್ಟಿದ್ದರೆ ಅದೂ ರದ್ದಾಗುತ್ತದೆ.

ಆ ಹೊತ್ತಿಗೆ ನನ್ನ ಫೋನಿನಿಂದ 1930 ಹಚ್ಚಿದ್ದೆ. ಈ ಸಂಖ್ಯೆಯನ್ನು ಮನೆಯ ಗೋಡೆಯ ಮೇಲೆ ಬರೆದಿಟ್ಟುಕೊಂಡರೂ ಸರಿಯೆ. 2021ರಲ್ಲಿ ಈ ಸಹಾಯವಾಣಿ 155260 ಎಂಬ ಸಂಖ್ಯೆಯಲ್ಲಿ ಶುರುವಾಗಿ, ಮರುವರ್ಷ 1930 ಆಯಿತು. ಕೇಂದ್ರ ಗೃಹ ಸಚಿವಾಲಯದ ಸೈಬರ್ ಅಪರಾಧ ಸಮನ್ವಯ ಕೇಂದ್ರ, ರಾಜ್ಯಗಳ ಪೊಲೀಸರು, ಬ್ಯಾಂಕುಗಳು ಒಂದೇ ಜಾಲದಲ್ಲಿ ಕೂಡಿ ಇದನ್ನು ನಡೆಸುತ್ತವೆ. ಹೋದ ರೊಕ್ಕ ಒಂದೇ ಖಾತೆಯಲ್ಲಿ ನಿಲ್ಲುವುದಿಲ್ಲ. ಕಾಲುವೆಯ ನೀರು ಹೊಲಗಾಲುವೆಗಳಿಗೆ ಒಡೆದು ಹೋದಂತೆ ಖಾತೆಯಿಂದ ಖಾತೆಗೆ ಹಂಚಿಕೊಂಡು ಓಡುತ್ತದೆ, ಕೊನೆಗೆ ಯಾವುದೋ ಊರಿನ ಎಟಿಎಂನಿಂದ ಹೊರಬೀಳುತ್ತದೆ. ಅದು ಖಾತೆಯೊಳಗೆ ಇರುವಷ್ಟು ಹೊತ್ತು ಬ್ಯಾಂಕು ತಡೆಹಿಡಿಯಬಲ್ಲದು, ನಗದಾದ ಮೇಲೆ ಅಲ್ಲ.

ಅವರು ಕೇಳುವುದು ಬಹಳವಿಲ್ಲ. ಖಾತೆದಾರನ ಹೆಸರು, ಮೊಬೈಲ್ ನಂಬರು, ಬ್ಯಾಂಕು, ಖಾತೆ ಸಂಖ್ಯೆ, ಎಷ್ಟು ರೊಕ್ಕ, ಯಾವಾಗ ಹೋಯಿತು, ವ್ಯವಹಾರದ ಸಂಖ್ಯೆ ಏನು. ಕೊನೆಯದು ನಮ್ಮಲ್ಲಿರಲಿಲ್ಲ. ಎಟಿಎಂಗೆ ಹೋಗಿ ಮಿನಿ ಸ್ಟೇಟ್‌ಮೆಂಟ್ ತೆಗೆದಾಗಲೇ ಕಾಕಾಗೆ ಎರಡನೆಯ ಕಡಿತದ ಸುದ್ದಿ ತಿಳಿದದ್ದು. ಕಾರ್ಡಿನ ಹಿಂದೆ ಮುದ್ರಿಸಿರುವ ಬ್ಯಾಂಕಿನ ನಂಬರಿಗೆ ಹಚ್ಚಿ ಕಾರ್ಡ್, ಯುಪಿಐ, ಮೊಬೈಲ್ ಬ್ಯಾಂಕಿಂಗ್ ಮೂರನ್ನೂ ಬಂದ್ ಮಾಡಿಸಿ, ವ್ಯವಹಾರದ ಸಂಖ್ಯೆಗಳನ್ನು ಬರೆದುಕೊಂಡೆವು. ಆ ನಂಬರನ್ನು ಗೂಗಲ್‌ನಲ್ಲಿ ಹುಡುಕಬೇಡಿ. ಬ್ಯಾಂಕಿನ ಹೆಸರಿನಲ್ಲಿ ನಕಲಿ ಸಹಾಯವಾಣಿಗಳನ್ನು ಅಲ್ಲಿ ಬಿತ್ತಿರುತ್ತಾರೆ. 1930ರವರು ದೂರಿನ ಸಂಖ್ಯೆ ಕೊಟ್ಟರು. ಆಮೇಲೆ ರಾಷ್ಟ್ರೀಯ ಸೈಬರ್ ಅಪರಾಧ ಪೋರ್ಟಲ್‌ನಲ್ಲಿ ದೂರನ್ನು ಪೂರ್ತಿ ಮಾಡಿದೆವು. ಎರಡನೆಯ ₹24,000 ಇನ್ನೂ ಒಂದು ಖಾತೆಯಲ್ಲೇ ಇತ್ತು, ತಡೆ ಬಿತ್ತು. ಮುಂಜಾನೆಯ ₹40,000 ಸಿಗಲಿಲ್ಲ.

ಮರುದಿನ ಶಾಖೆಗೆ ಹೋದಾಗ ಮೇಜಿನ ಆಚೆಯಿಂದ ಬಂದ ಮಾತು: “ನೀವೇ ಪಿನ್ ಹಾಕೀರಿ, ನಾವೇನ್ ಮಾಡಾಕ ಬರ್ತದ?” ಕಾಕಾ ತಲೆ ತಗ್ಗಿಸಿ ಏಳಲು ಹೊರಟರು. ನಾನು ಅವರ ಕೈ ಹಿಡಿದು ಕೂಡಿಸಿದೆ. ಅಲ್ಲಿ ಎದ್ದು ಬರಬಾರದು, ಯಾಕೆಂದರೆ ನಿಯಮ ಆ ಮಾತಿಗಿಂತ ದೊಡ್ಡದು.

ರಿಸರ್ವ್ ಬ್ಯಾಂಕು 2017ರ ಜುಲೈ 6ರಂದು ಒಂದು ಸುತ್ತೋಲೆ ಹೊರಡಿಸಿತು. ಗ್ರಾಮೀಣ ಬ್ಯಾಂಕುಗಳಿಗೂ ಅದು ಅನ್ವಯ. ತಪ್ಪು ಬ್ಯಾಂಕಿನದಾಗಿದ್ದರೆ ಗ್ರಾಹಕನ ಹೊಣೆ ಸೊನ್ನೆ. ತಪ್ಪು ಬ್ಯಾಂಕಿನದೂ ಅಲ್ಲ, ಗ್ರಾಹಕನದೂ ಅಲ್ಲ, ಮೂರನೆಯವರ ಕೈವಾಡ ಎಂದಾದರೆ, ಬ್ಯಾಂಕಿನ ಸಂದೇಶ ಬಂದ ಮೂರು ಕೆಲಸದ ದಿನಗಳೊಳಗೆ ತಿಳಿಸಿದವನ ಹೊಣೆಯೂ ಸೊನ್ನೆ. ನಾಲ್ಕರಿಂದ ಏಳು ದಿನವಾದರೆ ಜನಧನ್‌ನಂಥ ಮೂಲ ಖಾತೆಗೆ ಹೆಚ್ಚೆಂದರೆ ₹5,000, ಸಾಮಾನ್ಯ ಉಳಿತಾಯ ಖಾತೆಗೆ ₹10,000 ನಷ್ಟ ಗ್ರಾಹಕನದು. ಪಿನ್ ಅಥವಾ ಒಟಿಪಿ ಕೊಟ್ಟವರ ವಿಷಯದಲ್ಲಿ ಸುತ್ತೋಲೆ ಕಠಿಣವಾಗಿದೆ: ಬ್ಯಾಂಕಿಗೆ ತಿಳಿಸುವವರೆಗಿನ ನಷ್ಟವೆಲ್ಲ ಅವರದೇ. ಆದರೆ ಅದೇ ಸಾಲಿನ ಮುಂದುವರಿಕೆಯನ್ನು ಯಾರೂ ಓದಿ ಹೇಳುವುದಿಲ್ಲ. ತಿಳಿಸಿದ ಮೇಲೆ ಆಗುವ ನಷ್ಟ ಬ್ಯಾಂಕಿನದು. ಅಂದರೆ ನೀವು ಫೋನ್ ಹಚ್ಚಿ ಹೇಳಿದ ಗಳಿಗೆ ಹೊಣೆಯ ಗೆರೆ. ಕಾಕಾ ಮುಂಜಾನೆಯೇ ಬ್ಯಾಂಕಿಗೆ ಹಚ್ಚಿದ್ದರೆ, ಮಧ್ಯಾಹ್ನದ ₹24,000 ಹೋದರೂ ಅದು ಬ್ಯಾಂಕು ಭರಿಸಬೇಕಾದ ರೊಕ್ಕವಾಗುತ್ತಿತ್ತು.

ಗ್ರಾಹಕನದೇ ತಪ್ಪು ಎಂದು ತೋರಿಸಿಕೊಡುವ ಭಾರವನ್ನೂ ಆ ಸುತ್ತೋಲೆ ಬ್ಯಾಂಕಿನ ಮೇಲೆ ಹಾಕಿದೆ. ತಿಳಿಸಿದ ಹತ್ತು ಕೆಲಸದ ದಿನಗಳೊಳಗೆ ವಿವಾದದ ಮೊತ್ತವನ್ನು ತಾತ್ಕಾಲಿಕವಾಗಿ ಖಾತೆಗೆ ಹಾಕಬೇಕು, 90 ದಿನಗಳೊಳಗೆ ದೂರು ಇತ್ಯರ್ಥ ಮಾಡಬೇಕು ಎನ್ನುತ್ತದೆ. ಹಾಗಾಗಿ ಬಾಯಿಮಾತಿನಲ್ಲಿ ಮುಗಿಸದೆ ಬರವಣಿಗೆಯಲ್ಲಿ ದೂರು ಕೊಡಿ. ತಾರೀಖು ಮಾತ್ರವಲ್ಲ, ಮೊದಲು ಫೋನ್ ಹಚ್ಚಿದ ಹೊತ್ತನ್ನೂ ಬರೆಯಿರಿ. ಇನ್ನೊಂದು ಪ್ರತಿಯ ಮೇಲೆ ಶಾಖೆಯ ಮುದ್ರೆ ಹಾಕಿಸಿಕೊಳ್ಳಿ. 30 ದಿನಗಳಲ್ಲಿ ಉತ್ತರ ಬಾರದಿದ್ದರೆ, ಬಂದ ಉತ್ತರ ಸರಿ ಕಾಣದಿದ್ದರೆ ರಿಸರ್ವ್ ಬ್ಯಾಂಕಿನ ಓಂಬುಡ್ಸ್‌ಮನ್‌ಗೆ ಹೋಗಬಹುದು. ಶುಲ್ಕವಿಲ್ಲ, ವಕೀಲರೂ ಬೇಕಿಲ್ಲ. 14448ಕ್ಕೆ ಹಚ್ಚಿದರೆ ದಾರಿ ಹೇಳುತ್ತಾರೆ.

ಪೊಲೀಸ್ ದೂರಿನ ಬಗ್ಗೆ ನಮ್ಮ ಕಡೆ ಒಂದು ಹಿಂಜರಿಕೆ ಇದೆ: ಯಾದಗಿರಿವರೆಗೆ ಯಾರು ಓಡಾಡಬೇಕು? ಸೈಬರ್ ಪ್ರಕರಣ ನೋಡುವ ಸೆನ್ ಠಾಣೆ ಇರುವುದು ಯಾದಗಿರಿಯಲ್ಲಿ, ನಿಜ. ಆದರೆ ರೊಕ್ಕ ತಡೆಹಿಡಿಯುವ ಮೊದಲ ಕೆಲಸಕ್ಕೆ ಓಡಾಟವೇ ಬೇಕಿಲ್ಲ, ಫೋನ್ ಸಾಕು. ಲಿಖಿತ ದೂರನ್ನೂ ಹತ್ತಿರದ ಯಾವ ಠಾಣೆಯಲ್ಲಾದರೂ ಕೊಡಬಹುದು. 2024ರ ಜುಲೈ 1ರಿಂದ ಜಾರಿಯಲ್ಲಿರುವ ನಾಗರಿಕ ಸುರಕ್ಷಾ ಸಂಹಿತೆ ವ್ಯಾಪ್ತಿಯ ನೆಪ ಹೇಳಿ ವಾಪಸು ಕಳಿಸಲು ಬಿಡುವುದಿಲ್ಲ. ಹೈದರಾಬಾದಿಗೋ ಬೆಂಗಳೂರಿಗೋ ದುಡಿಯಲು ಹೋದ ನಮ್ಮ ಹುಡುಗರು ಇದನ್ನು ತಿಳಿದಿರಬೇಕು.

ದೂರು ಕೊಡುವವರೆಗೆ ಫೋನಿನಲ್ಲಿರುವುದನ್ನು ಅಳಿಸಿ ಹಾಕಬೇಡಿ. ಬಂದ ಸಂದೇಶ, ಕಳಿಸಿದ ನಂಬರು, ಆ ಆ್ಯಪಿನ ಚಿತ್ರ, ಎಲ್ಲದರ ಫೋಟೊ ಇನ್ನೊಂದು ಫೋನಿನಿಂದ ತೆಗೆದಿಡಿ. ಆಮೇಲೆ ಬೇಕಾದ ಫೋಟೊಗಳನ್ನಷ್ಟೇ ಉಳಿಸಿಕೊಂಡು ಫ್ಯಾಕ್ಟರಿ ರೀಸೆಟ್ ಮಾಡುವುದೇ ಒಳ್ಳೆಯದು. ಈ ಆ್ಯಪುಗಳು ಎಷ್ಟೋ ಸಲ ತಮ್ಮ ಚಿಹ್ನೆಯನ್ನೇ ಅಡಗಿಸಿಕೊಂಡು ಕೂತಿರುತ್ತವೆ, ಕೈಯಿಂದ ಹುಡುಕಿ ತೆಗೆದೆವೆಂಬ ನಂಬಿಕೆ ನನಗಿಲ್ಲ. ಜಿಮೇಲ್ ಪಾಸ್‌ವರ್ಡನ್ನು ಬೇರೆ ಫೋನಿನಿಂದ ಬದಲಿಸಿ. ವಾಟ್ಸಾಪ್‌ನಲ್ಲಿ ಲಿಂಕ್ಡ್ ಡಿವೈಸಸ್ ತೆರೆದು, ನಿಮ್ಮದಲ್ಲದ್ದನ್ನು ಹೊರಹಾಕಿ.

ಕಾಕಾನ ನಂಬರಿನಿಂದ ಅದೇ ಫೈಲು ಅವರ ಬೀಗರಿಗೆ, ಅಳಿಯನಿಗೆ, ಹೈದರಾಬಾದಿನಲ್ಲಿರುವ ಮಗನಿಗೆ ಆಗಲೇ ಹೋಗಿತ್ತು. ಎಲ್ಲರಿಗೂ ಹೇಳಲೇಬೇಕಾಯಿತು. ಕಾಕಿಗೂ ತಿಳಿಯಿತು. ಸೊಸೆಯ ಫೋನ್ ಇಸಿದುಕೊಂಡು ಕಾಕಾ ಊರಿನ ಗುಂಪಿಗೆ ತಾವೇ ಮಾತಾಡಿ ಕಳಿಸಿದರು: “ನನ್ನ ನಂಬರಿಂದ ಏನರ ಬಂದಿದ್ರ ಯಾರೂ ಒತ್ತಬ್ಯಾಡ್ರಪ್ಪ. ನಾ ಒತ್ತಿ ರೊಕ್ಕ ಕಳಕೊಂಡೀನಿ. ಒತ್ತಿದವ್ರಿದ್ರ ಈಗೇ 1930ಕ್ಕ ಹಚ್ರಿ.” ಆ ಗುಂಪಿನಲ್ಲಿ ಇನ್ನಿಬ್ಬರು ಒತ್ತಿ ಸುಮ್ಮನಿದ್ದರು. ಕಾಕಾನ ದನಿ ಕೇಳಿದ ಮೇಲೆ ಅವರೂ ಬಾಯಿ ಬಿಟ್ಟರು, ಅವರ ಖಾತೆಗಳು ಉಳಿದವು. ಊರಿನ ಹಿರಿಯರೊಬ್ಬರು ಹೀಗೆ ಹೇಳುವುದರ ಬೆಲೆ ಯಾವ ಜಾಹೀರಾತಿಗೂ ಇಲ್ಲ ಎಂದು ನಾನು ನಂಬುತ್ತೇನೆ.

ಆಧಾರ್ ನಂಬರು ತುಂಬಿದ್ದರೆ ಬೆರಳಚ್ಚನ್ನು ಲಾಕ್ ಮಾಡಿ ಎಂಬ ಸಲಹೆ ಸರಿಯಾದದ್ದೇ. ಆದರೆ ನಮ್ಮಲ್ಲಿ ಪಡಿತರಕ್ಕೂ ಹೆಬ್ಬೆಟ್ಟು, ಬ್ಯಾಂಕ್ ಮಿತ್ರನ ಬಳಿ ರೊಕ್ಕ ತೆಗೆಯಲಿಕ್ಕೂ ಹೆಬ್ಬೆಟ್ಟು. ಲಾಕ್ ಮಾಡಿದವರು ಹೆಬ್ಬೆಟ್ಟು ಒತ್ತಬೇಕಾದ ದಿನ ಅದನ್ನು ತಾತ್ಕಾಲಿಕವಾಗಿ ತೆರೆಯುವುದನ್ನು ಮನೆಯ ಹುಡುಗರಿಂದ ಕಲಿತಿಟ್ಟುಕೊಳ್ಳಬೇಕು, ಇಲ್ಲವಾದರೆ ಅಂಗಡಿಯ ಮುಂದೆ ವಾಪಸು ತಿರುಗಬೇಕಾಗುತ್ತದೆ.

ಬ್ಯಾಂಕಿನ ಪುಟ ಅಸಲಿಯೋ ನಕಲಿಯೋ ನೋಡಲು ಈಗ ಒಂದು ಗುರುತಿದೆ. ವಿಳಾಸದ ಕೊನೆ ‘ಡಾಟ್ ಬ್ಯಾಂಕ್ ಡಾಟ್ ಇನ್’ ಎಂದಿರಬೇಕು. 2025ರ ಅಕ್ಟೋಬರ್ 31ರೊಳಗೆ ಇದಕ್ಕೆ ಬದಲಾಗಿ ಎಂದು ರಿಸರ್ವ್ ಬ್ಯಾಂಕು ಎಲ್ಲ ಬ್ಯಾಂಕುಗಳಿಗೆ ಹೇಳಿತ್ತು. ಅದೇ ವರ್ಷ ಮೇ 1ರಂದು ರಾಜ್ಯದ ಎರಡು ಗ್ರಾಮೀಣ ಬ್ಯಾಂಕುಗಳು ಕೂಡಿ ಒಂದಾದವು. ಬ್ಯಾಂಕಿನ ಹೆಸರೂ ವಿಳಾಸವೂ ಬದಲಾಗುವ ಇಂಥ ಕಾಲದಲ್ಲಿ ‘ಹೊಸ ಆ್ಯಪ್ ಹಾಕಿಕೊಳ್ಳಿ’ ಎಂಬ ಸಂದೇಶ ಬಂದರೆ ಶಾಖೆಗೇ ಹೋಗಿ ಕೇಳುವುದು ಮೇಲು.

ರೊಕ್ಕ ಹೋಗದಿದ್ದರೂ ಕೆಲವು ತಿಂಗಳ ನಂತರ ನಿಮ್ಮ ಸಾಲದ ವರದಿ ತೆಗೆಸಿ ನೋಡಿ. ಕದ್ದ ಮಾಹಿತಿಯಿಂದ ನಿಮ್ಮ ಹೆಸರಿನಲ್ಲಿ ಸಾಲ ಎತ್ತುವುದುಂಟು. ಸಿಬಿಲ್ ಸೇರಿದಂತೆ ಈ ವರದಿ ಕೊಡುವ ನಾಲ್ಕೂ ಸಂಸ್ಥೆಗಳು ವರ್ಷಕ್ಕೊಂದು ವರದಿಯನ್ನು ಪುಕ್ಕಟೆ ಕೊಡಬೇಕು.

ಇದೆಲ್ಲ ಆದ ಮೇಲೆ ಕಾಕಾಗೆ ಒಂದು ಕರೆ ಬಂತು. ‘ನಿಮ್ಮ ದೂರು ನಮ್ಮ ಬಳಿ ಇದೆ, ತಡೆಹಿಡಿದ ರೊಕ್ಕ ಬಿಡಿಸಿಕೊಡುತ್ತೇವೆ, ಮೊದಲು ಶುಲ್ಕ ಕಟ್ಟಿ’ ಎಂದು. ಒಮ್ಮೆ ಕಳೆದುಕೊಂಡವರ ಪಟ್ಟಿಯೂ ಇವರ ನಡುವೆ ಮಾರಾಟವಾಗುತ್ತದೆ. ರೊಕ್ಕ ವಾಪಸು ಕೊಡಿಸಲು ಪೊಲೀಸರಾಗಲಿ, ಬ್ಯಾಂಕಾಗಲಿ, ರಿಸರ್ವ್ ಬ್ಯಾಂಕಾಗಲಿ ಶುಲ್ಕ ಕೇಳುವುದಿಲ್ಲ. ದೂರು ಎಲ್ಲಿಗೆ ಬಂತೆಂಬುದನ್ನು ಪೋರ್ಟಲ್‌ನಲ್ಲಿ ದೂರಿನ ಸಂಖ್ಯೆ ಹಾಕಿ ನಾವೇ ನೋಡಬಹುದು. ಕಾಕಾ ಈ ಸಲ ಕರೆ ಮುಗಿಸಿದವರೇ ಸೊಸೆಯನ್ನು ಕೂಗಿ ಹೇಳಿದರು. ತಡೆಬಿದ್ದ ₹24,000 ಬಿಡುಗಡೆಗೆ ಕೋರ್ಟಿಗೆ ಅರ್ಜಿ ಹಾಕಿದ್ದೇವೆ, ಆದೇಶ ಬರಬೇಕಿದೆ.